ಮುಂಗುಸಿ ಸ್ಟೇಷನ್

"ಮೊದಲು ಟ್ರೈನ್ ಟೈಮಿಗೆ ಸರಿಯಾಗಿ ಬರ್ಲಿ ಗುರು, ಗೋಡೆ ಮೇಲೆ ಚಿತ್ರ ಬರೆಯೋದು ಆಮೇಲೆ ನೋಡ್ಕೊಳ್ಳೋಣ."

ಈ ಮಾತನ್ನು ನಾನು ಎಷ್ಟು ಸಲ ಕೇಳಿದ್ದೀನೋ ಲೆಕ್ಕವಿಲ್ಲ. ಆಫೀಸಿನ ಕಾಫಿ ಮೆಷಿನ್ ಪಕ್ಕ ಕೇಳಿದ್ದೀನಿ, ಅಪಾರ್ಟ್‌ಮೆಂಟಿನ ವಾಟ್ಸಾಪ್ ಗ್ರೂಪಿನಲ್ಲಿ ಓದಿದ್ದೀನಿ. ಹೇಳುವವರು ಕೆಟ್ಟವರಲ್ಲ, ದಡ್ಡರಂತೂ ಅಲ್ಲವೇ ಅಲ್ಲ. ದಿನಾ ಎರಡು ಗಂಟೆ ಟ್ರಾಫಿಕ್ಕಿನಲ್ಲಿ ಸುಟ್ಟುಹೋಗುವ ನಮ್ಮಂಥವರು. ಒಂದು ಕಾಲದಲ್ಲಿ ನಾನೂ ಇದನ್ನೇ ಹೇಳಿದ್ದೆ, ಸ್ವಲ್ಪ ಜೋರಾಗಿಯೇ ಹೇಳಿದ್ದೆ. ಅದು ತಪ್ಪು ಅಂತ ವಾದ ಮಾಡೋಕೆ ಇವತ್ತು ಕೂತಿದ್ದೀನಿ. ಬರೀ ಅಭಿರುಚಿಯ ವಿಷಯದಲ್ಲಿ ತಪ್ಪು ಅಂತಲ್ಲ, ಲೆಕ್ಕದಲ್ಲೇ ತಪ್ಪು.

ಆನ್‌ಸೈಟ್ ಅಂತ ಮೂರು ತಿಂಗಳು ನ್ಯೂಯಾರ್ಕಿಗೆ ಕಳಿಸಿದ್ದರು. ಒಂದು ಶನಿವಾರ ಮಾಡೋಕೆ ಬೇರೆ ಕೆಲಸವಿಲ್ಲದೆ, ನಮ್ಮ ಟೀಮಿನ ಹುಡುಗನೊಬ್ಬನನ್ನು ಎಳೆದುಕೊಂಡು ಸಬ್‌ವೇ ಕಲೆ ತೋರಿಸುವ ವಾಕಿಂಗ್ ಟೂರ್‌ಗೆ ಹೋದೆ. ಗೈಡ್ ಎಪ್ಪತ್ತು ದಾಟಿದ ಹೆಂಗಸು, ಬ್ರಾಂಕ್ಸ್‌ನಲ್ಲಿ ಹುಟ್ಟಿ ಬೆಳೆದವರು. ಕಾಲಿಗೆ ಹಳೇ ಸ್ನೀಕರ್ಸ್, ಕೈಯಲ್ಲೊಂದು ಟಾರ್ಚು. "ಈ ಊರಿನ ಜನ ನಡೆಯುವಾಗ ಎದುರಿಗಿರುವವನ ಬೆನ್ನು ಬಿಟ್ಟು ಬೇರೇನೂ ನೋಡಲ್ಲ. ಇವತ್ತು ಮೂರು ಗಂಟೆ ಗೋಡೆ ನೋಡಿ" ಅಂದರು. ಅಷ್ಟೇ ಅವರ ಪೀಠಿಕೆ.

ಮೊದಲು ನಮ್ಮನ್ನು 6ನೇ ನಂಬರಿನ ರೈಲಿಗೆ ಹತ್ತಿಸಿದರು. ಬ್ರೂಕ್ಲಿನ್ ಬ್ರಿಜ್ ಸ್ಟೇಷನ್ನು ಅದರ ಕೊನೆ. ಎಲ್ಲರೂ ಇಳಿದರು, ನಾವು ಇಳಿಯಲಿಲ್ಲ. ರೈಲು ವಾಪಸ್ ತಿರುಗೋಕೆ ಅರ್ಧಚಂದ್ರದ ಹಾಗೆ ಒಂದು ಸುತ್ತು ಹಾಕುತ್ತೆ. ಆ ಸುತ್ತಿನಲ್ಲಿ ಕಿಟಕಿಗೆ ಮುಖ ಒತ್ತಿಕೊಂಡು ನೋಡಿದರೆ ಕತ್ತಲೊಳಗಿಂದ ಒಂದು ಅರಮನೆ ಬಂದು ಹೋಗುತ್ತೆ. ಹಸಿರು, ಕೆನೆ ಬಣ್ಣದ ಹೆಂಚುಗಳ ಕಮಾನು, ಹಿತ್ತಾಳೆಯ ತೂಗುದೀಪ, ಬೆಳಕು ಇಳಿಯಲೆಂದು ಚಾವಣಿಯಲ್ಲಿ ಕೂರಿಸಿದ ಗಾಜು. ಅದು ಹಳೆಯ ಸಿಟಿ ಹಾಲ್ ನಿಲ್ದಾಣ. 1904ರ ಅಕ್ಟೋಬರ್ 27ರಂದು ಈ ಊರಿನ ಸಬ್‌ವೇ ಶುರುವಾಗಿದ್ದು ಇಲ್ಲಿಂದಲೇ. ಮೇಯರ್ ಜಾರ್ಜ್ ಮೆಕ್‌ಕ್ಲೆಲನ್ ಉದ್ಘಾಟನೆಯ ಶಾಸ್ತ್ರಕ್ಕೆ ಸ್ವಲ್ಪ ಹೊತ್ತು ರೈಲು ಓಡಿಸಿ ಎದ್ದುಬಿಡಬೇಕಿತ್ತು. ಕೈಗೆ ಸಿಕ್ಕ ಹ್ಯಾಂಡಲ್ ಬಿಡೋಕೆ ಮನಸ್ಸಾಗದೆ ಬಹುದೂರ ತಾವೇ ಓಡಿಸಿಕೊಂಡು ಹೋದರಂತೆ. ಪ್ಲಾಟ್‌ಫಾರ್ಮ್ ತೀರಾ ಬಾಗಿದ್ದು, ಆಮೇಲೆ ಬಂದ ಉದ್ದನೆಯ ರೈಲುಗಳಿಗೆ ಹೊಂದಲಿಲ್ಲ. 1945ರ ಡಿಸೆಂಬರ್ 31ಕ್ಕೆ ಬಾಗಿಲು ಹಾಕಿದರು.

ನನ್ನ ಜೊತೆಗಿದ್ದ ಹುಡುಗ ತಕ್ಷಣ ಶುರು ಮಾಡಿದ: "ನೋಡಿದ್ಯಾ ಮಗಾ, ಚೆಂದದ ಸ್ಟೇಷನ್ ಕ್ಲೋಸ್ ಆಯ್ತು, ಕೆಲಸಕ್ಕೆ ಬರೋ ಸ್ಟೇಷನ್ ಉಳೀತು." ಒಳ್ಳೇ ಪಾಯಿಂಟು. ಆದರೆ ಗೈಡ್ ಆಮೇಲೆ ಹೇಳಿದ ಒಂದು ವಿಷಯ ಇಬ್ಬರು ಸಾಫ್ಟ್‌ವೇರ್‌ನವರ ಬಾಯಿ ಮುಚ್ಚಿಸಿತು. ಈ ಸಬ್‌ವೇ ಕಟ್ಟಲು 1900ರಲ್ಲಿ ಸಹಿಯಾದ ಒಪ್ಪಂದದಲ್ಲೇ ಒಂದು ಷರತ್ತಿತ್ತು: ಇದು ದೊಡ್ಡ ಸಾರ್ವಜನಿಕ ಕೆಲಸ, ಹಾಗಾಗಿ ಜನರ ಕಣ್ಣಿಗೆ ಬೀಳುವ ಭಾಗವೆಲ್ಲ ಚೆನ್ನಾಗಿ ಕೆಲಸ ಮಾಡಿದರೆ ಸಾಲದು, ನೋಡೋಕೂ ಚೆನ್ನಾಗಿರಬೇಕು.

ನಮ್ಮ ಭಾಷೆಯಲ್ಲಿ ಹೇಳೋದಾದ್ರೆ, ಅಂದ ಅನ್ನೋದು ರಿಕ್ವೈರ್‌ಮೆಂಟ್ ಡಾಕ್ಯುಮೆಂಟಿನಲ್ಲೇ ಇತ್ತು. 'ಬಜೆಟ್ ಉಳಿದರೆ ಎರಡನೇ ರಿಲೀಸಿನಲ್ಲಿ ನೋಡೋಣ' ಅನ್ನೋ ಪಟ್ಟಿಯಲ್ಲಿ ಇರಲಿಲ್ಲ. ಅದೂ ಎಂಥ ಯೋಜನೆಯಲ್ಲಿ? ಸುರಂಗಕ್ಕೆ ದುಡ್ಡು ನಗರದ್ದು, ಕಟ್ಟಿ ಓಡಿಸುವ ಗುತ್ತಿಗೆ ಖಾಸಗಿ ಕಂಪನಿಯದು. ನಾವು ನಿನ್ನೆ ಮೊನ್ನೆ ಕಂಡುಹಿಡಿದೆವು ಅಂದುಕೊಂಡಿರುವ ಸರ್ಕಾರಿ-ಖಾಸಗಿ ಪಾಲುದಾರಿಕೆ!

ಅಲ್ಲಿಂದ ಆಸ್ಟರ್ ಪ್ಲೇಸ್. ಗೋಡೆಯ ಮೇಲೆ ಸಾಲಾಗಿ ಸೆರಾಮಿಕ್ ಫಲಕಗಳು. ಪ್ರತಿಯೊಂದರಲ್ಲೂ ಮರದ ಕಾಂಡ ಕಡಿಯುತ್ತಾ ಕೂತ ಒಂದು ದಪ್ಪ ಪ್ರಾಣಿ. ಬೀವರ್ ಅಂತೆ. ಜಾನ್ ಜೇಕಬ್ ಆಸ್ಟರ್ ಎಂಬ ಸಾಹುಕಾರ ದುಡ್ಡು ಮಾಡಿದ್ದು ಬೀವರ್ ಚರ್ಮದ ವ್ಯಾಪಾರದಿಂದ, ಅದಕ್ಕೆ ಅವನ ಹೆಸರಿನ ಸ್ಟೇಷನ್ನಿಗೆ ಆ ಪ್ರಾಣಿಯ ಗುರುತು. ಫುಲ್ಟನ್ ಸ್ಟ್ರೀಟಿಗೆ ರಾಬರ್ಟ್ ಫುಲ್ಟನ್‌ನ ಹಬೆ ದೋಣಿ, ಕೊಲಂಬಸ್ ಸರ್ಕಲ್‌ಗೆ ಕೊಲಂಬಸ್‌ನ ಹಡಗು. ಹೈನ್ಸ್ ಮತ್ತು ಲಾಫಾರ್ಜ್ ಎಂಬ ವಾಸ್ತುಶಿಲ್ಪಿಗಳ ವಿನ್ಯಾಸ. ಬೀವರ್ ಮಾಡಿಕೊಟ್ಟದ್ದು ಬಾಸ್ಟನ್ನಿನ ಗ್ರೂಬಿ ಕಾರ್ಖಾನೆ.

ಇದೆಲ್ಲ ಯಾಕೆ? ಗೈಡ್ ಹೇಳಿದರು: ಆಗ ಈ ಊರಿನ ತುಂಬ ಹಡಗಿನಿಂದ ಈಗಷ್ಟೇ ಇಳಿದ ಜನ. ಇಟಲಿಯಿಂದ ಬಂದವರು, ರಷ್ಯಾದಿಂದ ಓಡಿಬಂದ ಯಹೂದಿಗಳು. ಎಷ್ಟೋ ಜನಕ್ಕೆ ಇಂಗ್ಲಿಷ್ ಅಕ್ಷರ ಗೊತ್ತಿಲ್ಲ. ಈ ಸುರಂಗ ತೋಡಿದವರಲ್ಲೇ ಇಟಲಿಯ ಕೂಲಿಗಳು ಬಹಳ. ಬೋರ್ಡು ಓದಲಾಗದವನಿಗೂ ಕಿಟಕಿಯಿಂದ ಬೀವರ್ ಕಾಣುತ್ತೆ. ಬೀವರ್ ಬಂತು, ಇಳಿ. ಹಡಗು ಬಂತು, ಇಳಿ. ಅಷ್ಟೇ.

ನಾನು ಅಲ್ಲೇ ನಿಂತುಬಿಟ್ಟೆ. ನನಗೆ ನೆನಪಾಗಿದ್ದು ಅಮ್ಮ.

ಅಮ್ಮನಿಗೆ ಅರವತ್ತಾರು. ಕನ್ನಡ ಚೆನ್ನಾಗಿ ಓದ್ತಾರೆ, ಬೇರೆ ಯಾವ ಅಕ್ಷರವೂ ಬಾರದು. ಕೆಲವು ವರ್ಷಗಳ ಹಿಂದೆ ಅಕ್ಕನ ಬಾಣಂತನಕ್ಕೆ ಅಂತ ಕರ್ನಾಟಕದ ಹೊರಗಿನ ಒಂದು ದೊಡ್ಡ ಊರಿಗೆ ಹೋಗಿದ್ದರು. ಊರಿನ ಹೆಸರು ಬೇಡ. ಎಲ್ಲ ಕಡೆಯೂ ಇದೇ ಕತೆ. ಅಲ್ಲಿ ಮೆಟ್ರೋದಲ್ಲಿ ಆರು ಸ್ಟೇಷನ್ ದಾಟಿದರೆ ಒಂದು ದೇವಸ್ಥಾನ. ಎರಡು ಸಲ ಅಕ್ಕನ ಜೊತೆ ಹೋಗಿ ಬಂದ ಮೇಲೆ ಅಮ್ಮ ಒಬ್ಬರೇ ಹೋಗಲು ಶುರು ಮಾಡಿದರು. ಮನೆಯಲ್ಲಿ ಎಲ್ಲರಿಗೂ ಆಶ್ಚರ್ಯ, ಅಮ್ಮನಿಗೆ ಹೆಮ್ಮೆ. "ಹೇಗಮ್ಮಾ ಗೊತ್ತಾಗುತ್ತೆ?" ಅಂತ ಫೋನಿನಲ್ಲಿ ಕೇಳಿದ್ದೆ. "ಅಯ್ಯೋ, ಮನೆ ಹತ್ರದ ಸ್ಟೇಷನ್‌ನಲ್ಲಿ ದೊಡ್ಡ ಮೂಗುತಿ ಹಾಕ್ಕೊಂಡಿರೋ ಹುಡುಗಿ ಫೋಟೋ ಇದೆಯಲ್ಲ, ಅವಳು ಬಂದ ತಕ್ಷಣ ಇಳಿದುಬಿಡ್ತೀನಿ" ಅಂದಿದ್ದರು.

ಅದು ಒಡವೆ ಅಂಗಡಿಯ ಜಾಹೀರಾತು. ಒಂದು ಸಂಜೆ ಅಮ್ಮ ವಾಪಸ್ ಬರುವಷ್ಟರಲ್ಲಿ ಮೂಗುತಿ ಹುಡುಗಿ ಇರಲಿಲ್ಲ. ಅವಳ ಜಾಗದಲ್ಲಿ ಮೊಬೈಲ್ ಫೋನು. ಗುತ್ತಿಗೆ ಮುಗಿದಿತ್ತು, ಬದಲಾಯಿಸಿದ್ದರು. ಅವರ ಪ್ರಕಾರ ಏನೂ ತಪ್ಪಿಲ್ಲ. ಅಮ್ಮ ಹುಡುಗಿಗಾಗಿ ಕಾಯುತ್ತಾ ಕಾಯುತ್ತಾ ಕೊನೆಯ ಸ್ಟೇಷನ್ ತಲುಪಿದರು. ಫೋನ್ ಮನೆಯಲ್ಲಿ ಚಾರ್ಜಿಗೆ ಹಾಕಿಟ್ಟಿದ್ದರು. ಯಾರಿಗೆ ಏನು ಕೇಳಬೇಕು, ಯಾವ ಭಾಷೆಯಲ್ಲಿ? ಒಂದೂವರೆ ಗಂಟೆ ಬೆಂಚಿನ ಮೇಲೆ ಕೂತಿದ್ದರು. ಭಾವ ಹುಡುಕಿಕೊಂಡು ಹೋಗಿ ಕರೆತಂದರು. ಯಾರೂ ಬೈಯಲಿಲ್ಲ. ಆದರೆ ಆಮೇಲೆ ಅಮ್ಮ ಒಬ್ಬರೇ ಆ ದೇವಸ್ಥಾನಕ್ಕೆ ಹೋಗಲಿಲ್ಲ. ಬೆಂಗಳೂರಿಗೆ ಬಂದ ಮೇಲೂ, ಬೋರ್ಡು ಕನ್ನಡದಲ್ಲಿದ್ದರೂ, "ನೀನು ಬಂದರೆ ಹೋಗೋಣ" ಅಂತಾರೆ.

ಒಬ್ಬ ಹೆಂಗಸು ತಾನೇ ಸಂಪಾದಿಸಿಕೊಂಡಿದ್ದ ಸ್ವಾತಂತ್ರ್ಯ ಒಂದು ಪೋಸ್ಟರ್ ಜೊತೆಗೆ ಕಿತ್ತುಹೋಯಿತು. ಗೋಡೆ ಮೇಲಿನ ಚಿತ್ರ ಅಲಂಕಾರ ಮಾತ್ರ ಅನ್ನುವವರಿಗೆ ನನ್ನ ಮೊದಲ ಉತ್ತರ ಇದು. ಗುರುತು ಇಲ್ಲದ ಜಾಗದಲ್ಲಿ ಜನ ಗುರುತು ಹುಡುಕಿಕೊಳ್ಳುತ್ತಾರೆ. ಅದನ್ನು ನಾವು ಕೊಡದಿದ್ದರೆ ಜಾಹೀರಾತು ಕೊಡುತ್ತೆ, ಮೂರು ತಿಂಗಳ ಮಟ್ಟಿಗೆ.

ಸರಿ, ಎರಡನೇ ವಾದಕ್ಕೆ ಬರ್ತೀನಿ. "ಜಾಹೀರಾತಿನಿಂದ ದುಡ್ಡು ಬರುತ್ತೆ, ಅದರಿಂದ ಟಿಕೆಟ್ ದರ ಕಡಿಮೆ ಇಡಬಹುದು." ಈ ಜಗಳ ನೂರಿಪ್ಪತ್ತು ವರ್ಷ ಹಳೆಯದು. ನ್ಯೂಯಾರ್ಕಿನಲ್ಲಿ ರೈಲು ಶುರುವಾದ ಬೆನ್ನಿಗೇ ಕಂಪನಿಯು ಹೊಚ್ಚಹೊಸ ಗೋಡೆಗಳಿಗೆ ತಗಡಿನ ಚೌಕಟ್ಟು ಹೊಡೆಸಿ ಜಾಹೀರಾತು ತೂಗುಹಾಕಿತು. ಜನ ರೇಗಿದರು, ವಾಸ್ತುಶಿಲ್ಪಿಗಳು ವಿರೋಧಿಸಿದರು, ವಿಷಯ ಕೋರ್ಟಿಗೆ ಹೋಯಿತು. ಗೆದ್ದದ್ದು ಕಂಪನಿ. ಹಾಗಾಗಿ ಜಾಹೀರಾತು ಬೇಡವೇ ಬೇಡ ಅಂತ ನಾನು ಹೇಳಲ್ಲ; ಆ ಯುದ್ಧ ನಾವು ಹುಟ್ಟುವ ಮೊದಲೇ ಮುಗಿದಿದೆ. ಆದರೆ ಆ ಊರಿನವರು ಸೋತ ಮೇಲೂ ಬೀವರನ್ನು ಬಿಟ್ಟುಕೊಡಲಿಲ್ಲ. ಜಾಹೀರಾತಿಗೆ ಅದರ ಚೌಕಟ್ಟು, ನಿಲ್ದಾಣಕ್ಕೆ ಅದರ ಗುರುತು. ನನ್ನ ಬೇಡಿಕೆಯೂ ಅಷ್ಟೇ.

ಇನ್ನು ನಿಲ್ದಾಣದ ಹೆಸರನ್ನೇ ಮಾರುವುದರ ಬಗ್ಗೆ. ಈ ವಿಷಯದಲ್ಲಿ ನ್ಯೂಯಾರ್ಕನ್ನು ನಾನು ಹೊಗಳಲ್ಲ. ಬ್ರೂಕ್ಲಿನ್‌ನ ಅಟ್ಲಾಂಟಿಕ್ ಅವೆನ್ಯೂ ನಿಲ್ದಾಣದ ಹೆಸರಿಗೆ ಬಾರ್‌ಕ್ಲೇಸ್ ಸೆಂಟರ್ ಅಂತ ಸೇರಿಸಲು ವರ್ಷಕ್ಕೆ 2 ಲಕ್ಷ ಡಾಲರ್‌ನಂತೆ 20 ವರ್ಷಕ್ಕೆ ಒಪ್ಪಂದವಾಯಿತು. ಮೂರು ಹೊಸ ನಿಲ್ದಾಣಗಳ ಸೆಕೆಂಡ್ ಅವೆನ್ಯೂ ಮಾರ್ಗದ ಮೊದಲ ಹಂತಕ್ಕೆ ಅದೇ ಊರು ಖರ್ಚು ಮಾಡಿದ್ದು ಸುಮಾರು 445 ಕೋಟಿ ಡಾಲರ್. ಎರಡೂ ಅಂಕಿಯನ್ನು ಪಕ್ಕ ಪಕ್ಕ ಇಟ್ಟು ನೋಡಿ. ಹೆಸರು ಮಾರಿದ ದುಡ್ಡಿನಲ್ಲಿ ಯಾವ ರೈಲೂ ಓಡಲ್ಲ. ಹೆಸರು ಮಾತ್ರ ಹೋಗುತ್ತೆ. ನಮ್ಮಲ್ಲೂ ಮಾಲ್ ಹೆಸರು ಮುಂದೆ, ಸಂಪಿಗೆ ರಸ್ತೆ ಹಿಂದೆ ಅಂತಾಗಿ ಎಷ್ಟು ವರ್ಷವಾಯಿತು! ಹಾಗೆ ಉಳಿಸಿದ ದುಡ್ಡು ನಮ್ಮ ಟಿಕೆಟ್ಟಿನಲ್ಲಿ ಎಲ್ಲಾದರೂ ಕಂಡಿತಾ?

ಮೂರನೇ ವಾದ, ಎಲ್ಲಕ್ಕಿಂತ ಗಟ್ಟಿ: "ಅಮೆರಿಕದವರ ಹತ್ರ ದುಡ್ಡಿದೆ, ಮಾಡ್ತಾರೆ. ನಾವು ಮೊದಲು ಶ್ರೀಮಂತರಾಗೋಣ."

ಇದಕ್ಕೆ ಉತ್ತರ ಗೈಡ್ ಅವರ ಸ್ವಂತ ಯೌವನದಲ್ಲೇ ಇತ್ತು. 1975ರಲ್ಲಿ ನ್ಯೂಯಾರ್ಕ್ ದಿವಾಳಿಯ ಅಂಚಿಗೆ ಬಂದಿತ್ತು. ಹಳಿ ಕೆಟ್ಟು, ರೈಲುಗಳು ದಾರಿಯಲ್ಲೇ ನಿಂತು, ಬೋಗಿಯ ಒಳಗೂ ಹೊರಗೂ ಸ್ಪ್ರೇ ಪೇಂಟು ತುಂಬಿ ಕಿಟಕಿಯಿಂದ ಹೊರಗೆ ಏನೂ ಕಾಣುತ್ತಿರಲಿಲ್ಲ. "ರಾತ್ರಿ ಹತ್ತರ ಮೇಲೆ ನಮ್ಮಮ್ಮ ನನ್ನನ್ನು ಇಲ್ಲಿಗೆ ಇಳಿಯೋಕೇ ಬಿಡ್ತಿರಲಿಲ್ಲ" ಅಂದರು. ರಿಪೇರಿಗೆ ದೊಡ್ಡ ಯೋಜನೆ ಶುರುವಾಗಿದ್ದು 1982ರಲ್ಲಿ. ಅದರ ಜೊತೆಗೇ, 1985ರಲ್ಲಿ, ಸಾರಿಗೆ ಪ್ರಾಧಿಕಾರ ಕಲೆಗೆಂದೇ ಒಂದು ವಿಭಾಗ ತೆರೆಯಿತು. ನಿಲ್ದಾಣಗಳ ನವೀಕರಣದ ವೆಚ್ಚದಲ್ಲಿ ಸುಮಾರು ಶೇಕಡಾ 1ರಷ್ಟು ಕಲೆಗೆ. ಸ್ಪ್ರೇ ಬಳಿದ ಕೊನೆಯ ರೈಲನ್ನು ಓಡಾಟದಿಂದ ತೆಗೆದದ್ದು 1989ರ ಮೇ 12ಕ್ಕೆ. ಅಂದರೆ ರೈಲುಗಳು ಪೂರ್ತಿ ಸ್ವಚ್ಛವಾಗಲು ನಾಲ್ಕು ವರ್ಷ ಬಾಕಿ ಇರುವಾಗಲೇ ಕಲೆಗೆ ಒಂದು ರೂಪಾಯಿ ಎತ್ತಿಟ್ಟರು. 'ಮೊದಲು ಟ್ರೈನು, ಆಮೇಲೆ ಚಿತ್ರ' ಅಂತ ಅವರು ಅಂದಿದ್ದರೆ ಆ 'ಆಮೇಲೆ' ಇವತ್ತಿಗೂ ಬರುತ್ತಿರಲಿಲ್ಲ. ಅವರ ಟ್ರೈನು ಇವತ್ತೂ ಟೈಮಿಗೆ ಬರಲ್ಲ, ಸ್ವಾಮಿ! ಹಳಿಗಳ ಮಧ್ಯೆ ಇಲಿಗಳು ಸಂಸಾರ ಮಾಡ್ಕೊಂಡಿವೆ. ಎಷ್ಟೋ ನಿಲ್ದಾಣಗಳಿಗೆ ಲಿಫ್ಟೇ ಇಲ್ಲ. ಲಿಫ್ಟು, ಸ್ವಚ್ಛತೆ ಎರಡರಲ್ಲೂ ನಮ್ಮ ಮೆಟ್ರೋ ಅವರಿಗೆ ಪಾಠ ಹೇಳಬಹುದು. ಆದರೂ ಅಲ್ಲಿ ಈಗ 400ಕ್ಕೂ ಹೆಚ್ಚು ಶಾಶ್ವತ ಕಲಾಕೃತಿಗಳಿವೆ.

ನಾಲ್ಕನೇ ವಾದ ನಮ್ಮ ಹುಡುಗನದೇ: "ನಮ್ಮ ಜನ ಗುಟ್ಕಾ ಉಗೀತಾರೆ ಬಿಡು." 14ನೇ ಬೀದಿಯ ಎಂಟನೇ ಅವೆನ್ಯೂ ನಿಲ್ದಾಣದಲ್ಲಿ ಅವನಿಗೆ ಉತ್ತರ ಸಿಕ್ಕಿತು. ಅಲ್ಲಿ ಟಾಮ್ ಆಟರ್‌ನೆಸ್ ಮಾಡಿದ ಪುಟ್ಟ ಪುಟ್ಟ ಕಂಚಿನ ಗೊಂಬೆಗಳಿವೆ. ಬೆಂಚಿನ ಮೇಲೆ, ಮೆಟ್ಟಿಲ ಸಂದಿಯಲ್ಲಿ, ತೊಲೆಯ ಮೇಲೆ, ನೋಡಿದಲ್ಲೆಲ್ಲ. ಒಬ್ಬನ ತಲೆ ಜಾಗದಲ್ಲಿ ದುಡ್ಡಿನ ಚೀಲ. ಇನ್ನೊಂದು ಕಡೆ ನೆಲದ ಮುಚ್ಚಳದಿಂದ ಮೊಸಳೆ ಎದ್ದು ಬಂದು ದುಡ್ಡಿನ ಚೀಲದವನನ್ನು ಕಚ್ಚಿ ಎಳೆಯುತ್ತಿದೆ. ಟಿಕೆಟ್ ಇಲ್ಲದೆ ಗೇಟಿನ ಕೆಳಗೆ ನುಸುಳುವವನೂ ಇದ್ದಾನೆ. ಸರ್ಕಾರಿ ದುಡ್ಡಿನಲ್ಲಿ, ಸರ್ಕಾರಿ ಸ್ಟೇಷನ್ನಿನಲ್ಲಿ, ಸಾಹುಕಾರರ ಬಗ್ಗೆ ಇಂಥ ತಮಾಷೆ! ಗೊಂಬೆಗಳ ತಲೆಗಳು ಚಿನ್ನದಂತೆ ಹೊಳೆಯುತ್ತವೆ. ಪಾಲಿಶ್ ಮಾಡಿ ಅಲ್ಲ, ಓಡಾಡುವ ಜನ ಸವರಿ ಸವರಿ. ನಮ್ಮ ದೇವಸ್ಥಾನಗಳಲ್ಲಿ ನಂದಿಯ ಬೆನ್ನು ಹೊಳೆಯೋದು ಹೀಗೇ ಅಲ್ವಾ? ತಮ್ಮದು ಅನ್ನಿಸಿದ್ದನ್ನು ಜನ ಮುಟ್ಟುತ್ತಾರೆ, ಉಗಿಯಲ್ಲ. ಬೋಳು ಕಾಂಕ್ರೀಟು ಯಾರದೂ ಅಲ್ಲ, ಅದಕ್ಕೇ ಉಗೀತಾರೆ.

ಗೋಡೆ ಯಾರದು ಅನ್ನುವ ಪ್ರಶ್ನೆಯನ್ನು 1980ರ ದಶಕದಲ್ಲಿ ಕೀತ್ ಹ್ಯಾರಿಂಗ್ ಎಂಬ ಹುಡುಗ ಇನ್ನೂ ನೇರವಾಗಿ ಕೇಳಿದ್ದ. ಹೊಸ ಜಾಹೀರಾತು ಬರುವ ತನಕ ಖಾಲಿ ಫಲಕಗಳಿಗೆ ಕಪ್ಪು ಕಾಗದ ಅಂಟಿಸಿರುತ್ತಿದ್ದರು. ಅವನು ಅದರ ಮೇಲೆ ಬಿಳಿ ಸೀಮೆಸುಣ್ಣದಲ್ಲಿ ಮಕ್ಕಳನ್ನೂ ನಾಯಿಗಳನ್ನೂ ಬರೆದು ಓಡುತ್ತಿದ್ದ. ಪೊಲೀಸರು ಹಿಡಿದರು. ಕಾಗದದ ಮೇಲೆ ಒಂದು ದಿನ ಕಂಪನಿಯ ಸಾಬೂನಿನ ಚಿತ್ರ ಬಂದರೆ ವ್ಯವಹಾರ, ಸೀಮೆಸುಣ್ಣದ ನಾಯಿ ಬಂದರೆ ಅಪರಾಧ. ಇವತ್ತು ಅವನ ಚಿತ್ರಗಳು ಮ್ಯೂಸಿಯಮ್ಮುಗಳಲ್ಲಿವೆ.

ಟೂರ್ ಮುಗಿದದ್ದು 72ನೇ ಬೀದಿಯಲ್ಲಿ, 2017ರ ಜನವರಿ 1ರಂದು ತೆರೆದ ನಿಲ್ದಾಣದಲ್ಲಿ. ವಿಕ್ ಮುನಿಜ್ ಅಲ್ಲಿ ಗೋಡೆ ತುಂಬ ಆಳೆತ್ತರದ ಮೊಸಾಯಿಕ್ ಜನರನ್ನು ನಿಲ್ಲಿಸಿದ್ದಾರೆ. ಐಸ್‌ಕ್ಯಾಂಡಿ ಹಿಡಿದ ಪೊಲೀಸು, ಹುಲಿ ವೇಷದವನು, ಕೈ ಕೈ ಹಿಡಿದು ನಿಂತ ಇಬ್ಬರು ಗಂಡಸರು. ಎಲ್ಲರೂ ರೈಲಿಗೆ ಕಾಯುತ್ತಿರುವವರೇ. ಮಂತ್ರಿಗಳಿಲ್ಲ, ದಾನಿಗಳಿಲ್ಲ. ಪ್ರಯಾಣಿಕರು ತಮ್ಮನ್ನೇ ನೋಡುತ್ತಾ ನಿಲ್ಲುತ್ತಾರೆ.

ಈಗ ನಮ್ಮ ಮನೆ ಬಾಗಿಲಿಗೆ ಬರೋಣ. 2011ರ ಅಕ್ಟೋಬರ್ 20ರಂದು ಬೈಯಪ್ಪನಹಳ್ಳಿಯಿಂದ ಎಂ.ಜಿ. ರಸ್ತೆಗೆ ಮೊದಲ ರೈಲು ಬಂದಾಗ ನಾನೂ ಕ್ಯೂನಲ್ಲಿ ನಿಂತಿದ್ದೆ. ಏನೂ ಮಾಡಿಲ್ಲ ಅಂತ ಹೇಳಿದರೆ ಸುಳ್ಳಾಗುತ್ತೆ; ಎಂ.ಜಿ. ರಸ್ತೆಯಲ್ಲಿ ರಂಗೋಲಿ ಕಲಾ ಕೇಂದ್ರ ಮಾಡಿದರು, ಅಲ್ಲಿ ಇಲ್ಲಿ ಕಲಾ ವಿದ್ಯಾರ್ಥಿಗಳ ಕೈಗೆ ಗೋಡೆ ಕೊಟ್ಟರು. ಆದರೆ ಅದು ಅಧಿಕಾರಿಯ ಒಳ್ಳೆಯ ಮನಸ್ಸು, ಒಪ್ಪಂದದ ಷರತ್ತಲ್ಲ. ಅಧಿಕಾರಿ ವರ್ಗವಾದರೆ ಒಳ್ಳೆಯ ಮನಸ್ಸೂ ವರ್ಗವಾಗುತ್ತೆ.

ಹೇಳೋಕೆ ನಮ್ಮಲ್ಲಿ ಏನಿಲ್ಲ? ಮೆಜೆಸ್ಟಿಕ್ ಬಸ್ ನಿಲ್ದಾಣ ಇರುವ ಜಾಗ ಒಂದು ಕಾಲದ ಧರ್ಮಾಂಬುಧಿ ಕೆರೆ. ಅಲ್ಲಿ ದಿನಾ ರೈಲು ಬದಲಾಯಿಸುವ ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು, ನಾವು ಓಡುವುದು ಕೆರೆಯ ಹೊಟ್ಟೆಯಲ್ಲಿ ಅಂತ? ಗೋಡೆಯ ಮೇಲೆ ನೀರಿನ ಮಟ್ಟ ತೋರಿಸುವ ಒಂದು ನೀಲಿ ಗೆರೆ, ನಾಲ್ಕು ಮೀನು ಸಾಕು. ಮಾರ್ಕೆಟ್ ಸ್ಟೇಷನ್ನಿಗೆ 1905ರ ವಿದ್ಯುತ್ ದೀಪ, ಶಿವನಸಮುದ್ರದಿಂದ ನಮ್ಮೂರಿಗೆ ಬಂದ ಬೆಳಕು. ನ್ಯೂಯಾರ್ಕಿಗೆ ಸಬ್‌ವೇ ಬಂದು ಒಂದೇ ವರ್ಷಕ್ಕೆ! ಚಿಕ್ಕಪೇಟೆಗೆ ರೇಷ್ಮೆ, ಲಾಲ್‌ಬಾಗಿಗೆ ಆ ಹಳೇ ಬಂಡೆ, ಸಂಪಿಗೆ ರಸ್ತೆಗೆ ಸಂಪಿಗೆಯೇ.

ಈ ಚಿತ್ರಗಳನ್ನು ಆಯ್ಕೆ ಮಾಡುವವರು ಯಾರು? ಮಂತ್ರಿಗಳ ಭಾವಮೈದ ಅಲ್ಲ. ಅಲ್ಲಿಯ ಹಾಗೆ ಕಲೆ ಬಲ್ಲವರೂ ಆ ಬಡಾವಣೆಯ ಜನರೂ ಇರುವ ಸಮಿತಿ. ಖರ್ಚು ನೂರಕ್ಕೆ ಒಂದು. ಮತ್ತು ಅದು ಟೆಂಡರಿನಲ್ಲೇ ಬರೆದಿರಬೇಕು. ಗುಲಾಬಿ ಮಾರ್ಗದಲ್ಲೇ 12 ಸುರಂಗ ನಿಲ್ದಾಣಗಳಿವೆ. ಒಂದರಲ್ಲೂ ಕಿಟಕಿಯಿಂದ ಮರ ಕಾಣಲ್ಲ, ಗೋಪುರ ಕಾಣಲ್ಲ, ಅಂಗಡಿ ಬೋರ್ಡು ಕಾಣಲ್ಲ. ಗೋಡೆ ಬಿಟ್ಟರೆ ಬೇರೆ ಗುರುತೇ ಇಲ್ಲ. ಮುಂದಿನ ಮಾರ್ಗಗಳ ಕಾಗದ ಇನ್ನೂ ಮೇಜಿನ ಮೇಲಿರುವಾಗಲೇ ಕೇಳಬೇಕು. ಗೋಡೆ ಎದ್ದ ಮೇಲೆ ಅದು 'ಜಾಹೀರಾತಿಗೆ ಸಂಪರ್ಕಿಸಿ' ಆಗಿಬಿಟ್ಟಿರುತ್ತೆ.

ಕೇಳಬೇಕಾದವರು ನಾವೇ. ಡಾಲರ್ ಕೊಟ್ಟು ಪರದೇಶದ ಗೋಡೆ ನೋಡೋಕೆ ಹೋಗುವವರು, ಅಲ್ಲಿ ಸೆಲ್ಫಿ ತೆಗೆದು 'ವಾವ್' ಅನ್ನುವವರು, ಊರಿಗೆ ಬಂದ ತಕ್ಷಣ 'ನಮಗೆ ಇಷ್ಟು ಸಾಕು' ಅನ್ನುವವರು. ಈ ಕಡೆಯ ವಾಕ್ಯವೇ ನನಗೆ ಸಿಟ್ಟು ತರಿಸೋದು. ಅದರ ಅರ್ಥ, ನನಗೆ ಬೇರೆ ಊರಿದೆ, ಇಲ್ಲಿ ಉಳಿದವರಿಗೆ ಇಷ್ಟು ಸಾಕು ಅಂತ.

ಅವತ್ತು ರಾತ್ರಿ ಅಮ್ಮನಿಗೆ ವಿಡಿಯೋ ಕಾಲ್ ಮಾಡಿ ಆಸ್ಟರ್ ಪ್ಲೇಸ್ ಫೋಟೋ ತೋರಿಸಿದೆ. ಕನ್ನಡಕ ಏರಿಸಿ ನೋಡಿದರು. "ಇದೇನೋ, ಮುಂಗುಸಿನಾ?" ಅಂದರು. ಬೀವರ್ ಅಂತ ವಿವರಿಸಿದೆ, ಆಸ್ಟರ್ ಕತೆ ಹೇಳಿದೆ. ಅದ್ಯಾವುದೂ ಅವರಿಗೆ ಬೇಕಿರಲಿಲ್ಲ.

"ಇದನ್ನ ಆಗಾಗ ಬದಲಾಯಿಸ್ತಾರಾ?"

"ಇಲ್ಲಮ್ಮ. ನೂರಿಪ್ಪತ್ತು ವರ್ಷದಿಂದ ಅಲ್ಲೇ ಇದೆ."

"ಹಾಗಾದ್ರೆ ಮುಂಗುಸಿ ಸ್ಟೇಷನ್‌ನಲ್ಲಿ ನಾನೊಬ್ಬಳೇ ಇಳ್ಕೋತೀನಿ ಬಿಡು" ಅಂದರು ಅಮ್ಮ.